ಕೊಡಗಿನ ಊಟ ನೋಡೋಕೆ ಗೈಡ್ ಬೇಕಾ?

ಪ್ರಶ್ನೆ: ನಾವು ದಾವಣಗೆರೆಯವರು. ಆಗಸ್ಟ್ ಮೊದಲ ವಾರ ಅಪ್ಪ, ಅಮ್ಮ, ಹೆಂಡತಿ ಜೊತೆ ಎರಡು ದಿನ ಮಡಿಕೇರಿಗೆ ಬರುತ್ತಿದ್ದೇನೆ. ಅಬ್ಬಿ ಜಲಪಾತ, ರಾಜಾಸೀಟು ಹಿಂದೆಯೇ ನೋಡಿದ್ದೇವೆ. ಈ ಸಲ ಅಲ್ಲಿನ ಊಟ, ಅಲ್ಲಿನ ಜನರ ಬದುಕು ನೋಡುವ ಆಸೆ. ಗೈಡ್ ಜೊತೆ ಹೋಗುವ ಫುಡ್ ಟೂರ್‌ಗಳಿವೆ ಎಂದು ಕೇಳಿದೆ. ಅದಕ್ಕೆ ದುಡ್ಡು ಕೊಡಬಹುದಾ, ಅಥವಾ ನಾವೇ ಸುತ್ತಿದರೆ ಸಾಕಾ? ಅಮ್ಮ ಪೂರ್ತಿ ಸಸ್ಯಾಹಾರಿ. ಅವರಿಗೆ ಅಲ್ಲಿ ಏನಾದರೂ ಸಿಗುತ್ತಾ?

ಉತ್ತರ: ನಿಮಗೆ ಗೊತ್ತಿದ್ದೋ ಗೊತ್ತಿಲ್ಲದೆಯೋ, ತುಂಬಾ ಒಳ್ಳೆಯ ವಾರ ಆರಿಸಿಕೊಂಡಿದ್ದೀರಿ. ಆಗಸ್ಟ್ 3 ನಮ್ಮಲ್ಲಿ ಕಕ್ಕಡ 18. ಕೊಡಗಿನ ಅಡುಗೆಮನೆಗೆ ಅದು ದೊಡ್ಡ ದಿನ. ಅದರ ಬಗ್ಗೆ ಆಮೇಲೆ ಹೇಳುತ್ತೇನೆ. ಮೊದಲು ನಿಮ್ಮ ಮುಖ್ಯ ಪ್ರಶ್ನೆ.

ನಾನು 14 ವರ್ಷದಿಂದ ಮಡಿಕೇರಿಯಲ್ಲಿ ಜನರನ್ನು ಕರೆದುಕೊಂಡು ಸುತ್ತುತ್ತಿದ್ದೇನೆ. ಅದೇ ನನ್ನ ಕೆಲಸ. ಆದರೂ ಹೇಳುತ್ತೇನೆ, ಎರಡೂ ದಿನಕ್ಕೆ ಗೈಡ್ ಬೇಡ. ಅರ್ಧ ದಿನ ಸಾಕು. ಕೋಟೆಗೆ, ದೇವಸ್ಥಾನಕ್ಕೆ, ಸಂತೆಗೆ ನೀವೇ ಹೋಗಬಹುದು. ದುಡ್ಡು ಕೊಡುವುದಾದರೆ ಒಂದೇ ಒಂದು ವಿಷಯಕ್ಕೆ ಕೊಡಿ: ನೀವಾಗಿಯೇ ಹೋಗಲು ಆಗದ ಒಂದು ಮನೆಯ ಅಡುಗೆಮನೆಗೆ ನಿಮ್ಮನ್ನು ಕರೆದುಕೊಂಡು ಹೋಗುವವರಿಗೆ.

ಯಾಕೆ ಹೀಗೆ ಹೇಳುತ್ತೇನೆ ಅಂದರೆ, ಕೊಡಗಿನ ಊಟ ಹೋಟೆಲಿನಲ್ಲಿ ಬೆಳೆದದ್ದಲ್ಲ. ಮೈಸೂರು, ಉಡುಪಿ, ದಾವಣಗೆರೆಗೆಲ್ಲ ಅವುಗಳದೇ ಆದ ಹೋಟೆಲ್ ತಿಂಡಿ ಇದೆ. ನಿಮ್ಮ ಊರಿನ ಬೆಣ್ಣೆ ದೋಸೆ ತಿನ್ನಲು ಯಾರ ಮನೆಗೂ ಹೋಗಬೇಕಿಲ್ಲ ಅಲ್ವಾ? ಇಲ್ಲಿ ಹಾಗಿಲ್ಲ. ಇಲ್ಲಿ ಮನೆಗಳು ತೋಟದ ನಡುವೆ ಒಂದೊಂದೇ ಇರುತ್ತವೆ. ಜೋರು ಮಳೆಗಾಲದಲ್ಲಿ ಹಿಂದೆಲ್ಲ ವಾರಗಟ್ಟಲೆ ಹೊರಗೆ ಹೋಗಲು ಆಗುತ್ತಿರಲಿಲ್ಲ. ಗದ್ದೆಯ ಅಕ್ಕಿ, ತೋಟದ ಕಾಳುಮೆಣಸು, ಕಾಡಿನ ಸೊಪ್ಪು, ಹಟ್ಟಿಯ ಹಂದಿ, ಕೋಳಿ. ಇಷ್ಟರಲ್ಲೇ ಹುಟ್ಟಿದ ಅಡುಗೆ ಇದು. ಮಡಿಕೇರಿಯಲ್ಲಿ ಕೊಡಗಿನ ಊಟ ಕೊಡುವ ಹೋಟೆಲುಗಳು ಈಗ ಇವೆ, ಕೆಲವು ಚೆನ್ನಾಗಿಯೂ ಇವೆ. ಆದರೆ ಅವುಗಳ ಪಟ್ಟಿಯಲ್ಲಿ ವರ್ಷಪೂರ್ತಿ ಅದೇ ಐದಾರು ಹೆಸರು. ಮನೆಯಲ್ಲಿ ತಿಂಗಳಿಗೊಂದು ಅಡುಗೆ.

ಪಂದಿ ಕರಿಯನ್ನೇ ತೆಗೆದುಕೊಳ್ಳಿ. ಎಲ್ಲರೂ ಕೇಳುವುದು ಅದನ್ನೇ. ಹಂದಿ ಮಾಂಸವನ್ನು ಚರ್ಮ, ಕೊಬ್ಬಿನ ಸಮೇತ ಸಣ್ಣ ಚೌಕ ತುಂಡು ಮಾಡಿ ಅದರದ್ದೇ ಕೊಬ್ಬಿನಲ್ಲಿ ನಿಧಾನವಾಗಿ ಬೇಯಿಸುತ್ತಾರೆ. ಕೊತ್ತಂಬರಿ, ಜೀರಿಗೆ, ಕಾಳುಮೆಣಸು, ಸಾಸಿವೆ, ಸ್ವಲ್ಪ ಮೆಂತ್ಯವನ್ನು ಕಪ್ಪಾಗುವವರೆಗೆ ಹುರಿದು ಪುಡಿ ಮಾಡಿ ಹಾಕುತ್ತಾರೆ. ಎಲ್ಲ ಮುಗಿಯುವ ಹೊತ್ತಿಗೆ ಕಾಚಂಪುಳಿ ಅನ್ನುವ ಕಪ್ಪು ಹುಳಿ. ಹಾಗಾಗಿ ಸರಿಯಾದ ಪಂದಿ ಕರಿ ಕಪ್ಪಗಿರುತ್ತದೆ. ಕೆಂಪಗೆ, ಟೊಮೆಟೊ ಗೊಜ್ಜಿನ ಹಾಗೆ ಬಂದರೆ ಅದು ಬೇರೆ ಅಡುಗೆ. ಕೆಲವು ವರ್ಷದ ಹಿಂದೆ ನಾನು ನಂಬಿ ಕರೆದುಕೊಂಡು ಹೋದ ಒಂದು ಕಡೆ ಕಾಚಂಪುಳಿ ಬದಲು ಹುಣಸೆಹುಳಿ ಹಾಕಿ ಬಡಿಸಿದರು. ಜೊತೆಯಲ್ಲಿದ್ದವರಿಗೆ ವ್ಯತ್ಯಾಸ ಗೊತ್ತಾಗಲಿಲ್ಲ. 'ಚೆನ್ನಾಗಿದೆ' ಅಂದರು. ನನಗೆ ಮಾತ್ರ ಅಂದು ರಾತ್ರಿ ನಿದ್ದೆ ಬರಲಿಲ್ಲ. ದೂರದಿಂದ ಬಂದವರಿಗೆ ನಾನೇ ತಪ್ಪು ರುಚಿ ಕಲಿಸಿದೆ ಅನ್ನಿಸಿತ್ತು.

ಕಾಚಂಪುಳಿ ಬಗ್ಗೆ ಸ್ವಲ್ಪ ಜಾಸ್ತಿ ಹೇಳಬೇಕು. ನೀವು ಬರುವ ಹೊತ್ತಿಗೆ ಅದನ್ನು ಮಾಡುವುದನ್ನೇ ನೋಡಬಹುದು. ಪಣಪುಳಿ ಅನ್ನುವ ಮರದ ಹಣ್ಣಿನಿಂದ ಬರುವ ಹುಳಿ ಇದು. ಕರಾವಳಿಯ ಪುನರ್ಪುಳಿಗೆ ಹತ್ತಿರದ ಸಂಬಂಧಿ, ಆದರೆ ಬೇರೆ ಮರ. ಮಳೆಗಾಲದಲ್ಲಿ ಹಣ್ಣಾಗಿ ಉದುರುತ್ತದೆ. ಆರಿಸಿ ತಂದು ಬುಟ್ಟಿಯಲ್ಲಿ ತುಂಬಿ, ಕೆಳಗೆ ಪಾತ್ರೆ ಇಟ್ಟು ಬಿಡುತ್ತಾರೆ. ದಿನಗಟ್ಟಲೆ ರಸ ತೊಟ್ಟಿಕ್ಕುತ್ತದೆ. ಆ ರಸವನ್ನು ಒಲೆಯ ಮೇಲೆ ಕುದಿಸಿ ಕುದಿಸಿ ಕಾಕಂಬಿಯ ಹಾಗೆ ಕಪ್ಪಗೆ, ಮಂದ ಮಾಡುತ್ತಾರೆ. ಬುಟ್ಟಿಗಟ್ಟಲೆ ಹಣ್ಣು ಹಾಕಿದರೆ ಕೊನೆಗೆ ಉಳಿಯುವುದು ಸ್ವಲ್ಪವೇ. ಒಂದು ಕಿಲೋ ಮಾಂಸಕ್ಕೆ ಒಂದು ಚಮಚದಷ್ಟು ಸಾಕು. ಬಾಟಲಿಯಲ್ಲಿ ವರ್ಷಗಟ್ಟಲೆ ಕೆಡುವುದಿಲ್ಲ. ಸಣ್ಣ ಬಾಟಲಿಯೊಂದು ಮನೆಗೆ ಒಯ್ಯಿರಿ. ತೀರಾ ಅಗ್ಗಕ್ಕೆ ಸಿಕ್ಕರೆ, ನೀರಿನ ಹಾಗೆ ಅಲ್ಲಾಡಿದರೆ ಕೊಳ್ಳಬೇಡಿ. ನಿಮ್ಮ ಅಮ್ಮನವರು ತರಕಾರಿ ಪಲ್ಯಕ್ಕೂ ಒಂದೆರಡು ಹನಿ ಹಾಕಿ ನೋಡಬಹುದು.

ಇನ್ನೊಂದು ಮಾತು. ಯಾರಾದರೂ ಗುಟ್ಟಾಗಿ 'ಕಾಡು ಹಂದಿ ಕೊಡಿಸುತ್ತೇನೆ' ಅಂದರೆ ಅಲ್ಲಿಂದ ಎದ್ದು ಬನ್ನಿ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂದ ಮೇಲೆ ಬೇಟೆ ಅಪರಾಧ. ಈಗ ಕೊಡಗಿನ ಮನೆಗಳಲ್ಲಿ ಬೇಯುವುದು ಸಾಕಿದ ಹಂದಿ. ಅಂಥ ಆಸೆ ತೋರಿಸುವ ಗೈಡ್ ನಿಮ್ಮನ್ನೂ ಸಿಕ್ಕಿಸುತ್ತಾನೆ, ಕಾಡನ್ನೂ ಕೆಡಿಸುತ್ತಾನೆ.

ಈಗ ಅಮ್ಮನವರ ಊಟ. 'ಕೊಡಗಿಗೆ ಹೋದರೆ ಸಸ್ಯಾಹಾರಿಗಳು ಮೊಸರನ್ನ ತಿಂದು ಬರಬೇಕು' ಅಂತ ತುಂಬಾ ಜನ ನಂಬಿದ್ದಾರೆ. ಇದನ್ನು ಕೇಳಿದಾಗೆಲ್ಲ ನನಗೆ ಬೇಜಾರಾಗುತ್ತದೆ. ಮಳೆಗಾಲದ ಕೊಡಗಿನ ಸಸ್ಯಾಹಾರದ ಹಾಗೆ ಬೇರೆಲ್ಲೂ ಸಿಗುವುದಿಲ್ಲ ಅನ್ನುವುದು ನನ್ನ ಅಭಿಪ್ರಾಯ. ಮೊದಲ ಮಳೆಗೆ ಕುಮ್ಮು ಏಳುತ್ತದೆ. ಕುಮ್ಮು ಅಂದರೆ ಅಣಬೆ. ಆಮೇಲೆ ಬೈಂಬಳೆ, ಅಂದರೆ ಎಳೆ ಬಿದಿರು, ಕಣಿಲೆ. ತೋಡಿನ ಬದಿಯಲ್ಲಿ ತೆರ್ಮೆ ತೊಪ್ಪು, ತುದಿ ಸುರುಳಿ ಸುತ್ತಿಕೊಂಡಿರುವ ಎಳೆ ಜರಿಗಿಡ. ಮರದ ಕೊಂಬೆಗಳ ಮೇಲೆ ಮರಕೆಸ, ಅದರಲ್ಲಿ ಪತ್ರೊಡೆ. ಬೇಸಿಗೆಯಲ್ಲಿ ಎತ್ತಿಟ್ಟ ಹಲಸಿನ ಬೀಜದ ಸಾರು. ಬಾಯಿಗೆ ಖಾರ ಬೇಕಾದರೆ ಪರಂಗಿ ಮಳು, ನೀವು ಸೂಜಿಮೆಣಸು ಅನ್ನುವುದು, ಅದನ್ನು ಅರೆದು ಮಾಡಿದ ಪಜ್ಜಿ. ಪಜ್ಜಿ ಅಂದರೆ ನಮ್ಮ ಚಟ್ನಿ. ಕೈಪುಳಿ ಅನ್ನುವ ಕಹಿ ಕಿತ್ತಳೆಯ ಪಜ್ಜಿ ಮಾಡಿಸಿಕೊಂಡು ತಿನ್ನಿ. ಮೊದಲ ತುತ್ತಿಗೆ ಮುಖ ಹಿಂಡುತ್ತದೆ. ಎರಡನೇ ತುತ್ತಿಗೆ ಇನ್ನಷ್ಟು ಬೇಕು ಅನ್ನಿಸುತ್ತದೆ.

ಇವುಗಳ ಜೊತೆ ತಿನ್ನುವುದೆಲ್ಲ ಅಕ್ಕಿಯದ್ದೇ. ಕಡಂಬುಟ್ಟು ಅಂದರೆ ಅಕ್ಕಿ ತರಿಯನ್ನು ಉಪ್ಪು ನೀರಿನಲ್ಲಿ ಬೇಯಿಸಿ, ಉಂಡೆ ಕಟ್ಟಿ, ಮತ್ತೆ ಹಬೆಯಲ್ಲಿ ಬೇಯಿಸಿದ್ದು. ಪಂದಿ ಕರಿಯ ಜೋಡಿ ಅಂತ ಅದಕ್ಕೆ ಹೆಸರು ಬಂದಿದೆ. ಆದರೆ ಅದರೊಳಗೆ ಮಾಂಸದ ಸುಳಿವೂ ಇಲ್ಲ. ನೂಪುಟ್ಟು ನಿಮ್ಮ ಶಾವಿಗೆಯ ಹಾಗೆ ಒತ್ತಿದ್ದು. ಪಾಪುಟ್ಟಿಗೆ ಅಕ್ಕಿ ತರಿ, ಹಾಲು, ತೆಂಗಿನತುರಿ ಸೇರಿಸಿ ತಟ್ಟೆಯಲ್ಲಿ ಹಬೆಗೆ ಇಡುತ್ತಾರೆ. ಅಕ್ಕಿ ಒಟ್ಟಿ ಅನ್ನ ಮತ್ತು ಅಕ್ಕಿಹಿಟ್ಟು ಕಲಸಿ ತಟ್ಟಿದ ರೊಟ್ಟಿ. ಬೆಳಗ್ಗೆ ಬಿಸಿ ಒಟ್ಟಿಗೆ ತುಪ್ಪ, ಎಳ್ಳು ಪಜ್ಜಿ. ಅಪ್ಪ ಅಮ್ಮ ಇಬ್ಬರಿಗೂ ಹೊಟ್ಟೆಗೆ ಹಗುರ.

ಒಂದೇ ಒಂದು ಎಚ್ಚರಿಕೆ. ಮಾಂಸ ಬೇಯಿಸುವ ಮನೆಯಲ್ಲಿ ಅಮ್ಮನವರಿಗೆ ಪಾತ್ರೆಯ ಯೋಚನೆ ಬರಬಹುದು. ಅದನ್ನು ಊಟಕ್ಕೆ ಕುಳಿತ ಮೇಲೆ ಕೇಳಬೇಡಿ. ಮೊದಲೇ ಹೇಳಿದರೆ ಬೇರೆ ಪಾತ್ರೆಯಲ್ಲಿ ಮಾಡುತ್ತಾರೆ. ಯಾರೂ ತಪ್ಪು ತಿಳಿಯುವುದಿಲ್ಲ.

ಕಕ್ಕಡ 18ಕ್ಕೆ ಬರುತ್ತೇನೆ. ಕಕ್ಕಡ ಅಂದರೆ ಜುಲೈ ಮಧ್ಯದಿಂದ ಆಗಸ್ಟ್ ಮಧ್ಯದವರೆಗಿನ ತಿಂಗಳು, ತುಳುನಾಡಿನವರ ಆಟಿ. ಮಳೆ ಅತಿ ಜೋರಾಗಿ ಹೊಡೆಯುವ ಕಾಲ. ನಾಟಿ ಕೆಲಸದಲ್ಲಿ ಮೈ ದಣಿದಿರುತ್ತದೆ. ಈ ತಿಂಗಳಿನ 18ನೇ ದಿನ ಮದ್ದು ತೊಪ್ಪು ಅನ್ನುವ ಗಿಡದಲ್ಲಿ 18 ಬಗೆಯ ಮದ್ದು ಸೇರಿಕೊಂಡಿರುತ್ತದೆ ಅನ್ನುವುದು ಹಿರಿಯರ ನಂಬಿಕೆ. ಬೇರೆ ದಿನ ಅದು ಬೇಲಿ ಬದಿಯ ಮಾಮೂಲಿ ಗಿಡ. ಆ ಹೊತ್ತಿಗೆ ಮಾತ್ರ ಅದರ ಹತ್ತಿರ ಹೋದರೇ ಒಂದು ಸಿಹಿ ಘಮ ಬರುತ್ತದೆ. ಎಲೆ, ದಂಟು ಕತ್ತರಿಸಿ ನೀರಿನಲ್ಲಿ ಕುದಿಸಿದರೆ ನೀರು ಗಾಢ ನೇರಳೆ ಬಣ್ಣಕ್ಕೆ ತಿರುಗುತ್ತದೆ. ಆ ನೀರಿನಲ್ಲಿ ಅಕ್ಕಿ, ಬೆಲ್ಲ, ತೆಂಗಿನಕಾಯಿ ಹಾಕಿ ಪಾಯಸ ಮಾಡುತ್ತಾರೆ, ಇಲ್ಲವೇ ಮದ್ದು ಪುಟ್ಟು. ಮೇಲೆ ತುಪ್ಪ, ಜೇನು. ನಮ್ಮಜ್ಜಿ ಆ ದಿನ ಬೆಳಗ್ಗೆ ಬೇರೆ ಏನನ್ನೂ ಬಡಿಸುತ್ತಿರಲಿಲ್ಲ. ಇದನ್ನು ತಿಂದ ಮೇಲೆ ಮೂತ್ರ ಕೆಂಪಗೆ ಹೋಗುತ್ತದೆ. ಗಾಬರಿಯಾಗಬೇಡಿ, ಅದು ಸೊಪ್ಪಿನ ಬಣ್ಣ. ಅಪ್ಪ ಅಮ್ಮನಿಗೆ ಇದನ್ನು ಮೊದಲೇ ಹೇಳಿಬಿಡಿ. ಹೇಳದೆ ಬಿಟ್ಟು, ಮರುದಿನ ಬೆಳಗ್ಗೆ ಆಸ್ಪತ್ರೆಗೆ ಓಡಿದವರನ್ನು ನಾನು ನೋಡಿದ್ದೇನೆ.

ಆ ದಿನ ಊರಿನ ಒಂದು ಮನೆಯಲ್ಲಿ ಕುಳಿತು ಮದ್ದು ಪುಟ್ಟು ತಿನ್ನುವ ಅವಕಾಶ ಸಿಕ್ಕರೆ, ಗೈಡಿಗೆ ಕೊಟ್ಟ ದುಡ್ಡು ಅಲ್ಲಿಗೇ ಸಾರ್ಥಕ.

ಮನೆ ಅಂದೆ. ಸಾಧ್ಯವಾದರೆ ಐನ್‌ಮನೆ ಒಂದನ್ನು ನೋಡಿ. ಒಂದು ಒಕ್ಕದ, ಅಂದರೆ ಒಂದೇ ಮನೆತನದ ಹೆಸರಿನವರೆಲ್ಲರ ಮೂಲ ಮನೆ ಅದು. ಈಗ ಒಕ್ಕದವರು ಬೆಂಗಳೂರು, ಮೈಸೂರು, ಸೈನ್ಯ ಅಂತ ಎಲ್ಲೆಲ್ಲೋ ಇರುತ್ತಾರೆ. ಹಬ್ಬಕ್ಕೆ, ಹಿರಿಯರಿಗೆ ಎಡೆ ಇಡುವ 'ಕಾರಣಂಗ್ ಕೊಡ್ಪ'ಕ್ಕೆ ಅಲ್ಲಿಗೇ ಬಂದು ಸೇರುತ್ತಾರೆ. ಮುಂದೆ ಕಯ್ಯಾಲೆ ಅನ್ನುವ ಜಗಲಿ. ಕಂಬಗಳ ನಡುವೆ ಐಮರ, ದಪ್ಪ ಮರದ ಹಲಗೆ. ಹಿರಿಯರು ಕೂರುವ ಜಾಗ. ಒಳಗೆ ನೆಲ್ಲಕ್ಕಿ ನಡುಬಾಡೆ, ಅಂದರೆ ನಡುಮನೆ, ಅಲ್ಲಿ ಒಕ್ಕದ ದೀಪ ಉರಿಯುತ್ತದೆ. ಅದು ಅವರಿಗೆ ದೇವರ ಕೋಣೆಯಷ್ಟೇ ಮುಖ್ಯ.

ಕೆಲಸ ಶುರು ಮಾಡಿದ ಎರಡನೇ ವರ್ಷ ನಾನು ಹನ್ನೆರಡು ಜನರನ್ನು ಒಂದು ಐನ್‌ಮನೆಗೆ ಕರೆದುಕೊಂಡು ಹೋಗಿದ್ದೆ. ಮಳೆ ಬರುತ್ತಿತ್ತು. ಜೀಪು ಇಳಿದವರು ಓಡಿ ಬಂದು, ಚಪ್ಪಲಿ ಕಾಲಿನಲ್ಲೇ ನಡುಬಾಡೆಯವರೆಗೆ ನುಗ್ಗಿ ಫೋಟೋ ತೆಗೆಯತೊಡಗಿದರು. ಆ ಮನೆಯ ಹಿರಿಯ ಹೆಂಗಸು ಏನೂ ಅನ್ನಲಿಲ್ಲ. ಎಲ್ಲರಿಗೂ ಕಾಫಿ ಕೊಟ್ಟರು. ನಾವು ಹೊರಟಾಗ ನೆಲ ಒರೆಸುತ್ತಾ ಕುಳಿತಿದ್ದರು. ನಾನು ಮೊದಲೇ ಹೇಳಿಕೊಡಬೇಕಿತ್ತು. ತಪ್ಪು ನನ್ನದೇ. ಅಂದಿನಿಂದ ಆರು ಜನಕ್ಕಿಂತ ಜಾಸ್ತಿ ಕರೆದುಕೊಂಡು ಹೋಗುವುದಿಲ್ಲ. ಗೇಟಿನಲ್ಲೇ ನಿಲ್ಲಿಸಿ ಹೇಳುತ್ತೇನೆ: ಚಪ್ಪಲಿ ಹೊರಗೆ, ಕೇಳದೆ ಫೋಟೋ ಬೇಡ, ಕರೆದರೆ ಮಾತ್ರ ಒಳಗೆ.

ಹಾಗಾಗಿ ಗೈಡನ್ನು ಗೊತ್ತು ಮಾಡುವಾಗ ನೀವು ಮೊದಲು ಕೇಳಬೇಕಾದ್ದು ಗುಂಪಿನಲ್ಲಿ ಎಷ್ಟು ಜನ ಇರುತ್ತಾರೆ ಅಂತ. ಇಪ್ಪತ್ತು ಜನರ ವ್ಯಾನ್ ಆದರೆ ಬೇಡ. ಆಮೇಲೆ, ಯಾರ ಮನೆಯಲ್ಲಿ ಊಟ, ಅಡುಗೆ ಮಾಡುವವರು ನಮ್ಮ ಜೊತೆ ಕುಳಿತು ಮಾತಾಡುತ್ತಾರಾ, ಅವರಿಗೆ ಎಷ್ಟು ದುಡ್ಡು ಹೋಗುತ್ತದೆ ಅಂತ ಕೇಳಿ. ಹೀಗೆ ಕೇಳಲು ಸಂಕೋಚ ಬೇಡ. ಒಳ್ಳೆಯ ಗೈಡ್ ನೇರವಾಗಿ ಹೇಳುತ್ತಾರೆ. ಕೊನೆಗೆ, 'ಈ ವಾರ ಏನು ಸಿಗುತ್ತದೆ?' ಅಂತ ಕೇಳಿ ನೋಡಿ. ಆಗಸ್ಟಿನಲ್ಲಿ ಬರುವವರಿಗೆ 'ಕಾಫಿ ಹಣ್ಣು ಕೊಯ್ಯಿಸುತ್ತೇವೆ' ಅಂತ ಹೇಳುವವರನ್ನು ಬಿಟ್ಟುಬಿಡಿ. ನಮ್ಮಲ್ಲಿ ಅರೇಬಿಕಾ ಕೊಯ್ಲು ಶುರುವಾಗುವುದು ನವೆಂಬರಿನ ಹೊತ್ತಿಗೆ, ರೊಬಸ್ಟಾ ಅದಾದ ಮೇಲೆ. ಆಗಸ್ಟಿನಲ್ಲಿ ಗಿಡದ ತುಂಬ ಹಸಿರು ಕಾಯಿ ಅಷ್ಟೇ. ತೋಟ ನೋಡಲು ಅಡ್ಡಿಯಿಲ್ಲ. ಮರಕ್ಕೆ ಹಬ್ಬಿದ ಮೆಣಸಿನ ಬಳ್ಳಿ, ಕೆಳಗೆ ಕಾಫಿ, ನಡುವೆ ಏಲಕ್ಕಿ. ಮಳೆಯಲ್ಲಿ ತುಂಬಾ ಚೆಂದ. ವಾಪಸ್ ಬಂದು ಹಾಲಿಲ್ಲದ ಬೆಲ್ಲದ ಕಾಫಿ ಕುಡಿಯಿರಿ. ಪುಡಿ ಕೊಳ್ಳುವಾಗ ಚಿಕೋರಿ ಎಷ್ಟು ಬೆರೆಸಿದ್ದಾರೆ ಅಂತ ಪೊಟ್ಟಣದ ಮೇಲೆ ಓದಿ ಕೊಳ್ಳಿ. ಚಾಕೊಲೇಟು ಅಂಗಡಿಗಳಿಗೆ ಸಮಯ ಕೊಡಬೇಡಿ. ಅದಕ್ಕೂ ಕೊಡಗಿನ ಅಡುಗೆಗೂ ಸಂಬಂಧವಿಲ್ಲ.

ನಿಮ್ಮ ಎರಡು ದಿನದಲ್ಲಿ ಒಂದು ಶುಕ್ರವಾರ ಬಂದರೆ ಅದೃಷ್ಟ. ಅಂದು ಮಡಿಕೇರಿ ಸಂತೆ. ಬೆಳಗ್ಗೆಯೇ ಹೋಗಿ. ಬಯಲುಸೀಮೆಯ ತರಕಾರಿ ರಾಶಿಗಳನ್ನು ದಾಟಿ ಬದಿಗೆ ನೋಡಿ. ಹಳ್ಳಿಯ ಹೆಂಗಸರು ಗೋಣಿತಾಟು ಹಾಸಿಕೊಂಡು ಕಟ್ಟು ಕಟ್ಟು ಸೊಪ್ಪು, ಕಣಿಲೆ, ಮರಕೆಸ ಇಟ್ಟುಕೊಂಡು ಕುಳಿತಿರುತ್ತಾರೆ. ಕೊಳ್ಳದಿದ್ದರೂ 'ಇದನ್ನು ಹೇಗೆ ಮಾಡುವುದು?' ಅಂತ ಕೇಳಿ. ನಾನು ಅರ್ಧ ಅಡುಗೆ ಕಲಿತದ್ದು ಅಲ್ಲೇ.

ಆ ಸಂತೆಯಲ್ಲಿ ಒಂದು ವಿಷಯ ಕಿವಿಗೆ ಬೀಳುತ್ತದೆ. ಕೊಡವ ತಕ್ಕ್, ಅರೆಭಾಷೆ, ಮಲಯಾಳ, ತುಳು, ಯರವರ ಮಾತು, ಕನ್ನಡ ಎಲ್ಲ ಒಟ್ಟಿಗೆ. ಕೊಡಗು ಅಂದರೆ ಕೊಡವರು ಮಾತ್ರ ಅಲ್ಲ. ಅರೆಭಾಷೆ ಗೌಡರಿದ್ದಾರೆ, ಹೆಗ್ಗಡೆಯರು, ಐರಿಗಳು, ಮಾಪಿಳ್ಳೆಗಳು, ಜೇನುಕುರುಬರು, ಯರವರಿದ್ದಾರೆ. ಇದೇ ಸೊಪ್ಪು, ಇದೇ ಕಣಿಲೆ ಒಂದೊಂದು ಮನೆಯಲ್ಲಿ ಒಂದೊಂದು ರುಚಿ. ಕಾಡಿನ ಯಾವ ಸೊಪ್ಪು ತಿನ್ನಬಹುದು, ಯಾವ ಅಣಬೆ ಮುಟ್ಟಬಾರದು ಅನ್ನುವ ಅರಿವು ಜಾಸ್ತಿ ಇರುವುದು ಕಾಡಿನ ಜನರಲ್ಲಿ. ಗೈಡ್ ಇವರ ಹೆಸರೇ ಎತ್ತದೆ ಕೊಡಗಿನ ಊಟದ ಕತೆ ಮುಗಿಸಿದರೆ, ಕತೆ ಅರ್ಧವೇ ಆಯಿತು.

ಊರಿನೊಳಗಿನ ಸುತ್ತಾಟ ಅರ್ಧ ದಿನದ್ದು. ಮಡಿಕೇರಿಯನ್ನು ಆಳಿದ ಹಾಲೇರಿ ಅರಸರು ಕೊಡವರಲ್ಲ, ಲಿಂಗಾಯತರು. ಮುದ್ದುರಾಜ ಕಟ್ಟಿಸಿದ ಊರು, ಮುದ್ದುರಾಜನ ಕೇರಿಯೇ ಮಡಿಕೇರಿ ಆಯಿತು ಅನ್ನುತ್ತಾರೆ. ಕೋಟೆಯೊಳಗೆ ಲಿಂಗರಾಜೇಂದ್ರನ ಕಾಲದ ಅರಮನೆ, ಅಂಗಳದಲ್ಲಿ ನಿಜವಾದ ಆನೆಯಷ್ಟೇ ದೊಡ್ಡ ಎರಡು ಆನೆ ಮೂರ್ತಿ, ಗಣಪತಿ ಗುಡಿ, 1834ರಲ್ಲಿ ಬ್ರಿಟಿಷರು ಕೊಡಗನ್ನು ತೆಗೆದುಕೊಂಡ ಮೇಲೆ ಕಟ್ಟಿದ ಇಗರ್ಜಿ. ಆ ಇಗರ್ಜಿ ಈಗ ಮ್ಯೂಸಿಯಂ. ಅಲ್ಲಿಂದ ಇಳಿದರೆ ಓಂಕಾರೇಶ್ವರ. 1820ರಲ್ಲಿ ಲಿಂಗರಾಜೇಂದ್ರನೇ ಕಟ್ಟಿಸಿದ್ದು. ಶಿವನ ಗುಡಿಗೆ ಗುಮ್ಮಟ, ನಾಲ್ಕು ಮೂಲೆಗೆ ಮಿನಾರು, ಎದುರಿಗೆ ಕೆರೆ. ಆಮೇಲೆ ಮಹದೇವಪೇಟೆಯ ಹಳೆ ಅಂಗಡಿ ಸಾಲು. ಇಷ್ಟಕ್ಕೆ ಗೈಡ್ ಬೇಡ. ಆದರೆ ಮಡಿಕೇರಿಯ ರಸ್ತೆಗಳೆಲ್ಲ ಏರು ಇಳಿಜಾರು. ಅಪ್ಪ ಅಮ್ಮನಿಗೆ ಮಂಡಿನೋವಿದ್ದರೆ ಕೋಟೆಯಿಂದ ಕೆಳಮುಖವಾಗಿ ನಡೆಯಿರಿ, ಹತ್ತುವಾಗ ಆಟೋ ಹಿಡಿಯಿರಿ.

ವಾಪಸ್ ಹೋಗುವಾಗ ಕುಶಾಲನಗರ ದಾಟಿದರೆ ಬೈಲಕುಪ್ಪೆ. ಅದು ಮೈಸೂರು ಜಿಲ್ಲೆಗೆ ಸೇರಿದ್ದು. 1961ರಿಂದ ಟಿಬೆಟಿನವರು ಅಲ್ಲಿದ್ದಾರೆ. ಬಿಸಿ ತುಕ್ಪಾ, ಅಂದರೆ ಅವರ ನೂಡಲ್ಸ್ ಸೂಪ್, ಕುಡಿದು ಹೋಗಬಹುದು. ಸಸ್ಯಾಹಾರದ್ದೂ ಸಿಗುತ್ತದೆ.

ಮಳೆಯ ವಿಷಯ ಹಗುರವಾಗಿ ತೆಗೆದುಕೊಳ್ಳಬೇಡಿ. 2018ರ ಆಗಸ್ಟಿನಲ್ಲಿ ಮಡಿಕೇರಿ ಸುತ್ತಮುತ್ತ ಗುಡ್ಡಗಳು ಕುಸಿದು ಊರುಗಳೇ ಹೋದವು. ಆ ದಿನಗಳನ್ನು ನಾವು ಯಾರೂ ಮರೆತಿಲ್ಲ. ಹೊರಡುವ ಹಿಂದಿನ ದಿನ ಹವಾಮಾನ ಇಲಾಖೆಯ ಮುನ್ಸೂಚನೆ, ಜಿಲ್ಲಾಡಳಿತದ ಸೂಚನೆ ಎರಡನ್ನೂ ನೋಡಿ. ರೆಡ್ ಅಲರ್ಟ್ ಇದ್ದರೆ ಬರಬೇಡಿ. ಮುಂದಿನ ವರ್ಷವೂ ಕಕ್ಕಡ ಬರುತ್ತದೆ. ಮಳೆ ಸಾಮಾನ್ಯವಾಗಿದ್ದರೆ ಕೊಡೆ, ಜಾರದ ಚಪ್ಪಲಿ, ಒಂದು ಜೊತೆ ಒಣ ಬಟ್ಟೆ ಜಾಸ್ತಿ ಇರಲಿ. ತೋಟಕ್ಕೆ ಇಳಿದರೆ ಜಿಗಣೆ ಹತ್ತುತ್ತದೆ. ಸ್ವಲ್ಪ ಉಪ್ಪು ಜೇಬಿನಲ್ಲಿರಲಿ. ಹತ್ತಿದರೆ ಎಳೆಯಬೇಡಿ, ಉಪ್ಪು ಹಾಕಿದರೆ ತಾನೇ ಬೀಳುತ್ತದೆ.

ಗೈಡ್ ಗೊತ್ತಾದ ಕೂಡಲೇ ಅಮ್ಮನವರ ಊಟದ ಬಗ್ಗೆ ಹೇಳಿಬಿಡಿ. ಹಿಂದಿನ ದಿನ ರಾತ್ರಿ ಹೇಳಿದರೆ ಆಗುವುದಿಲ್ಲ. ಕಣಿಲೆಯನ್ನು ಹಸಿಯಾಗಿ ತಿನ್ನಬಾರದು, ಅದರಲ್ಲಿ ವಿಷದ ಅಂಶ ಇರುತ್ತದೆ. ಕತ್ತರಿಸಿ, ದಿನಾ ನೀರು ಬದಲಿಸುತ್ತಾ ಎರಡು ಮೂರು ದಿನ ನೆನೆಸಿಟ್ಟ ಮೇಲೆಯೇ ಬೇಯಿಸುವುದು. ನೀವು ದಾವಣಗೆರೆಯಲ್ಲಿ ಬ್ಯಾಗು ತುಂಬುವ ಹೊತ್ತಿಗೆ ಅಮ್ಮನವರ ಬೈಂಬಳೆ ಇಲ್ಲಿ ನೀರಿನಲ್ಲಿ ಬಿದ್ದಿರಬೇಕು.